ಆಯುಧಪೂಜೆಗೆ ಇಟ್ಟ ಸ್ಕೇಟು

ನಾನು ಚಿಕ್ಕವನಿದ್ದಾಗ, ಅಂದರೆ ನಿಮ್ಮ ಹಾಗೆ ಒಂಬತ್ತು ವರ್ಷದವನಿದ್ದಾಗ, ನಮ್ಮ ಮೆಕಿನ್ನಿ ಊರಿಗೆ ಒಂದು ಐಸ್ ಹಾಕಿ ತಂಡವಿತ್ತು. ನಗಬೇಡಿ. ಬರಿಗಾಲಲ್ಲಿ ಅಂಗಳಕ್ಕೆ ಇಳಿದರೆ ಅಂಗಾಲು ಸುಡುವ ಟೆಕ್ಸಸ್ಸಿನಲ್ಲೇ, ದೊಡ್ಡದೊಂದು ಕಟ್ಟಡದೊಳಗೆ ನೀರನ್ನು ಹೆಪ್ಪುಗಟ್ಟಿಸಿ, ಅದರ ಮೇಲೆ ಆಡುತ್ತಿದ್ದರು. ಅದಕ್ಕೆ ರಿಂಕ್ ಎನ್ನುತ್ತಿದ್ದರು. ಒಳಗೆ ಹೋಗುವಾಗ ಸ್ವೆಟರ್ ಹಾಕಿಕೊಳ್ಳಬೇಕು, ಹೊರಗೆ ಬಂದ ಕೂಡಲೇ ಬಿಚ್ಚಬೇಕು. ಪಾಪ್‌ಕಾರ್ನ್, ರಬ್ಬರ್, ಒದ್ದೆ ಕಾಲುಚೀಲ ಎಲ್ಲ ಸೇರಿದ ಒಂದು ವಾಸನೆ ಅಲ್ಲಿತ್ತು. ನಿಮಗೆ ಹೇಸಿಗೆ ಅನ್ನಿಸಬಹುದು, ನನಗೆ ಇಷ್ಟವಾಗಿತ್ತು.

ತಂಡ ಶುರುವಾದ ಹೊಸದರಲ್ಲಿ ಊರಿಗೆ ಊರೇ ಅಲ್ಲಿ ಸೇರುತ್ತಿತ್ತಂತೆ. ಆಡುವವರು ಹದಿನೇಳು, ಹದಿನೆಂಟರ ಹುಡುಗರು. ಹೆಚ್ಚಿನವರು ಉತ್ತರದ ಚಳಿ ಊರುಗಳಿಂದ ಬಂದವರು. ಇಲ್ಲಿ ಚೆನ್ನಾಗಿ ಆಡಿದರೆ ಯಾವುದಾದರೂ ಕಾಲೇಜಿನವರು ನೋಡಿ ಕರೆದುಕೊಳ್ಳುತ್ತಾರೆ ಎಂಬ ಆಸೆ ಅವರಿಗೆ. ಊರಿನ ಮನೆಗಳಲ್ಲೇ ಅವರ ಊಟ, ವಸತಿ. ತಂಡದ ನಾಲ್ಕನೆಯ ವರ್ಷ ಒಬ್ಬ ಹುಡುಗ ನಮ್ಮ ಮನೆಗೂ ಬಂದ. ಅಪ್ಪನಿಗೆ ಗೊತ್ತಿದ್ದದ್ದು ಹುಬ್ಬಳ್ಳಿಯ ಮಣ್ಣಿನ ಮೈದಾನದ ಹಾಕಿ ಮಾತ್ರ. ಆದರೂ ಮೇಲಿನ ಕೋಣೆ ಖಾಲಿ ಇದೆಯಲ್ಲ ಎಂದು ಒಪ್ಪಿಬಿಟ್ಟಿದ್ದರು.

ಅವನನ್ನು ಅಣ್ಣ ಎಂದು ಕರೆಯಬೇಕೆಂದು ಅಮ್ಮ ಹೇಳಿದಳು. ನಾನು ರಿಂಕ್‌ನಲ್ಲಿ "ಅಣ್ಣಾ" ಎಂದು ಕೂಗಿದ್ದು ಕೇಳಿ ತಂಡದವರೆಲ್ಲ ಬಿದ್ದು ಬಿದ್ದು ನಕ್ಕರು. ಅವರಲ್ಲಿ ಅದು ಹುಡುಗಿಯ ಹೆಸರು. ಅಂದಿನಿಂದ ಇಡೀ ತಂಡ ಅವನನ್ನು ಹಾಗೆಯೇ ಕರೆಯತೊಡಗಿತು. ಅವನಿಗೆ ಸಿಟ್ಟು ಬರಲಿಲ್ಲ. ಜೋಳದ ರೊಟ್ಟಿಗೆ ಶೇಂಗಾ ಚಟ್ನಿ ಹಚ್ಚಿ, ಸುರುಳಿ ಸುತ್ತಿ, ಒಂದರ ಮೇಲೊಂದು ನಾಲ್ಕು ತಿಂದು, ಐದನೆಯದಕ್ಕೆ ಅಮ್ಮನ ಮುಖ ನೋಡುತ್ತಿದ್ದ. ಸಂಜೆ ಗ್ಯಾರೇಜಿನ ಮುಂದೆ ನನಗೆ ಕೋಲು ಹಿಡಿಯುವುದನ್ನು ಕಲಿಸುತ್ತಿದ್ದ. ನನಗಂತೂ ಅವನೆಂದರೆ ಪ್ರಾಣ.

ಆ ವರ್ಷ ಅಜ್ಜಿ ಹುಬ್ಬಳ್ಳಿಯಿಂದ ಬಂದಿದ್ದಳು. ಆಯುಧಪೂಜೆ ಶನಿವಾರ ಬಿದ್ದಿತ್ತು. ಹಿಂದಿನ ಸಂಜೆ ಅಪ್ಪ ಕಾರು ತೊಳೆದರು, ಅಮ್ಮ ಮಿಕ್ಸಿ ಒರೆಸಿದಳು, ಅಕ್ಕ ತನ್ನ ಕಂಪಾಸ್ ಪೆಟ್ಟಿಗೆ ತಂದಿಟ್ಟಳು. ಅಜ್ಜಿ ಮೂಲೆಯಲ್ಲಿದ್ದ ಅಣ್ಣನ ಸ್ಕೇಟುಗಳನ್ನು ನೋಡಿದಳು. ಅವು ಅಡಿಯಲ್ಲಿ ಉಕ್ಕಿನ ಪಟ್ಟಿ ಇರುವ ಬೂಟುಗಳು.

"ಆ ಹುಡುಗನ ಅನ್ನ ಅದರಾಗ ಐತಿ. ಅವನ್ನೂ ಪೂಜಿಗೆ ಇಡ್ರಿ" ಎಂದಳು.

ಅಣ್ಣ ಖುಷಿಯಿಂದ ಒಪ್ಪಿ ಮಲಗಲು ಹೋದ. ಮರುದಿನ ಮಧ್ಯಾಹ್ನ ಆಟವಿತ್ತು. ಒಂದು ಕಾಲೇಜಿನವರು ಅವನನ್ನೇ ನೋಡಲು ಬರುವವರಿದ್ದರು.

ಸ್ಕೇಟು ಸ್ವಚ್ಛ ಮಾಡುವ ಕೆಲಸವನ್ನು ನಾನೇ ಮೈಮೇಲೆ ಹಾಕಿಕೊಂಡೆ. "ಅಣ್ಣನ್ನ ಒಂದ್ ಮಾತು ಕೇಳಿ ಮಾಡೋ" ಎಂದು ಅಕ್ಕ ಹೇಳಿದಳು. ನಾನಾಗ ಕನ್ನಡ ಕೇಳಿಸಿಕೊಂಡು ಇಂಗ್ಲಿಷಿನಲ್ಲಿ ಉತ್ತರ ಕೊಡುವ ಗಿರಾಕಿ. "ಐ ನೋ" ಎಂದೆ. ಏನೂ ಗೊತ್ತಿರಲಿಲ್ಲ. ಗೊತ್ತಿದ್ದದ್ದು ಪೂಜೆಯ ಪಾತ್ರೆ ಬೆಳಗುವಾಗ ಅಜ್ಜಿ ಕಲಿಸಿದ್ದ ಒಂದೇ ಪಾಠ: "ಬೆರಳು ಆಡ್ಸಿ ನೋಡು. ನುಣ್ಣಗಾದ್ರ ಸ್ವಚ್ಛ ಆತು ಅಂತ ತಿಳಿ."

ಹುಣಸೆಹಣ್ಣು ಹಚ್ಚಿ ತಿಕ್ಕಿದೆ. ಪಟ್ಟಿ ಫಳಫಳ ಹೊಳೆಯಿತು. ಆದರೆ ಅದರ ಅಂಚಿಗೆ ಬೆರಳು ತಾಗಿಸಿದರೆ ಚುರುಚುರು ಎನ್ನುತ್ತಿತ್ತು. ಅದನ್ನು ಕೊಳೆ ಎಂದುಕೊಂಡೆ. ಅಪ್ಪನ ಸಾಮಾನಿನ ಡಬ್ಬಿಯಿಂದ ಉಪ್ಪುಕಾಗದ ತಂದು, ಎರಡೂ ಸ್ಕೇಟುಗಳ ಅಂಚುಗಳನ್ನು ತೋಳು ನೋಯುವವರೆಗೆ ಉಜ್ಜಿದೆ. ಕೊನೆಗೆ ಅವು ಅಜ್ಜಿಯ ತಂಬಿಗೆಯಷ್ಟೇ ನುಣ್ಣಗಾದವು. ತಿರುಗುವಾಗ ಐಸನ್ನು ಕಚ್ಚಿ ಹಿಡಿಯಲೆಂದು ಅದೇ ದಿನ ಬೆಳಿಗ್ಗೆ ಆ ಅಂಚುಗಳಿಗೆ ಸಾಣೆ ಹಿಡಿಸಿದ್ದರು ಎಂದು ನನಗೆ ಯಾರು ಹೇಳಬೇಕು?

ಮರುದಿನ ಬೆಳಿಗ್ಗೆ ಸ್ಕೇಟುಗಳಿಗೆ ಅರಿಶಿನ, ಕುಂಕುಮ, ಸೇವಂತಿಗೆ ಹೂ. ಅಜ್ಜಿ ಊದುಬತ್ತಿ ಬೆಳಗಿದಳು. ಅಣ್ಣ ಎಲ್ಲರ ಹಾಗೆ ಕೈಮುಗಿದ. ಸ್ಕೇಟು ಹೊಳೆಯುವುದನ್ನು ನೋಡಿ ನನ್ನ ತಲೆಗೂದಲು ಕೆದರಿದ. ನಾನು ಉಬ್ಬಿಹೋದೆ.

ಆಟ ಶುರುವಾಯಿತು. ಮೊದಲ ತಿರುವಿನಲ್ಲೇ ಅಣ್ಣ ಜಾರಿ ಬಿದ್ದ. ಎದ್ದು ಮತ್ತೆ ತಿರುಗಿದ, ಮತ್ತೆ ಬಿದ್ದ. ಎದುರಿನ ತಂಡದವರು ನಗುತ್ತಿದ್ದರು. ಮೂರನೆಯ ಸಲ ಬಿದ್ದಾಗ ಕೋಚ್ ಅವನನ್ನು ಹೊರಗೆ ಕರೆದು ಕೂರಿಸಿಬಿಟ್ಟರು. ನಮ್ಮ ಮುಂದಿನ ಸಾಲಿನಲ್ಲಿ ಕಾಲೇಜಿನವರು ಕುಳಿತಿದ್ದರು. ಅವರು ತಮ್ಮ ಪುಸ್ತಕ ಮುಚ್ಚಿ ಜೇಬಿಗೆ ಹಾಕಿಕೊಂಡು ಎದ್ದು ಹೋದರು.

ಬಿಡುವಿನಲ್ಲಿ ಅಪ್ಪನ ಜೊತೆ ನಾನೂ ಅಣ್ಣನ ಹತ್ತಿರ ಹೋದೆ. ಸಾಣೆ ಹಿಡಿಯುವವನು ಸ್ಕೇಟನ್ನು ತಿರುಗಿಸಿ ನೋಡಿ, ಅಂಚೇ ಇಲ್ಲವಲ್ಲ, ಇದನ್ನು ಹೀಗೆ ಯಾರು ಹಾಳು ಮಾಡಿದರು ಎಂದು ಕೇಳಿದ. ಅಣ್ಣ ಒಂದು ಸಲ ನನ್ನ ಕಡೆ ನೋಡಿದ. ಆಮೇಲೆ, ತಾನೇ ಸ್ಕೇಟು ಹಾಕಿಕೊಂಡು ಹೊರಗೆ ಕಾಂಕ್ರೀಟಿನ ಮೇಲೆ ನಡೆದದ್ದಾಗಿ ಹೇಳಿದ. ಕೋಚ್ ಎಲ್ಲರೆದುರು ಅವನಿಗೆ ಮಂಗಳಾರತಿ ಮಾಡಿದರು. ಅಣ್ಣ ತಲೆ ತಗ್ಗಿಸಿ ಕೇಳಿಸಿಕೊಂಡ. ನಾನು ಅಪ್ಪನ ಹಿಂದೆ ನಿಂತುಕೊಂಡೆ.

ಮನೆಯಲ್ಲೂ ಅವನು ಬಾಯಿ ಬಿಡಲಿಲ್ಲ. ಇಂದು ಹೇಳೋಣ, ನಾಳೆ ಹೇಳೋಣ ಎಂದು ನಾನು ಚಳಿಗಾಲವನ್ನೆಲ್ಲ ಕಳೆದೆ. ಅಷ್ಟರಲ್ಲಿ ತಂಡವೇ ಸೊರಗುತ್ತಿತ್ತು. ನೋಡಲು ಬರುವವರು ಕಡಿಮೆಯಾದರು, ಚೆನ್ನಾಗಿ ಆಡುವವರು ಬೇರೆ ಊರಿನ ತಂಡಗಳಿಗೆ ಹೋದರು. ಮಾರ್ಚಿನಲ್ಲಿ ತಂಡವನ್ನು ಮುಚ್ಚಿದರು. ಹೊರಡುವ ದಿನ ಅಣ್ಣ ನನ್ನ ಮುಂದೆ ಮಂಡಿಯೂರಿ ಕುಳಿತು ತನ್ನ ಕೋಲನ್ನು ನನಗೆ ಕೊಟ್ಟ. "ಹೋಗಿ ಬಾರಪಾ" ಎಂದು ಅಮ್ಮ ಕಣ್ಣೊರೆಸಿಕೊಂಡಳು. ನಾನು ಬರೀ ಬೈ ಎಂದೆ.

ಅವನಿಗೆ ಆ ಕಾಲೇಜು ಸಿಗಲಿಲ್ಲ. ಊರಿಗೆ ಮರಳಿ ಮಾವನ ಜೊತೆ ಮನೆಗಳಿಗೆ ಹೀಟರ್ ಕೂರಿಸುವ ಕೆಲಸಕ್ಕೆ ಸೇರಿದ ಎಂದು ಅಮ್ಮನಿಗೆ ಕಾಗದ ಬಂತು. ನನ್ನಿಂದಲೇ ಹೀಗಾಯಿತು ಎಂದು ಹೇಳಲಾರೆ. ಅಲ್ಲ ಎಂದೂ ಹೇಳಲಾರೆ. ಆಮೇಲೆ ಅವನು ಎಲ್ಲಿದ್ದಾನೆಂಬುದೇ ನಮಗೆ ತಿಳಿಯದೆ ಹೋಯಿತು.

ಮೊನ್ನೆ ನೀವು ನನ್ನ ಕನ್ನಡಕದ ಮೇಲೆ ಕುಳಿತು ಮುರಿದಿರಿ. ಚೂರುಗಳನ್ನು ಅಂಗೈಯಲ್ಲಿ ಹಿಡಿದು ಓಡಿ ಬಂದು "ಅಜ್ಜಾ, ನಾವೇ ಮುರಿದಿದ್ದು" ಎಂದಿರಿ. ನಿಮ್ಮ ಕಾಲದಲ್ಲಿ ತಪ್ಪು ಒಪ್ಪಿಕೊಂಡರೆ ಮಕ್ಕಳಿಗೆ ಯಾರೂ ಬೈಯುವುದಿಲ್ಲ, ಒಳ್ಳೆಯದೇ. ನಮ್ಮ ಕಾಲ ಬೇರೆ ಇತ್ತು, ಹಿರಿಯರ ಭಯಕ್ಕೆ ಬಾಯಿ ಕಟ್ಟಿತ್ತು ಎಂದು ಹೇಳಿ ನಾನು ಪಾರಾಗಬಹುದಿತ್ತು. ಆದರೆ ನಿಮಗೆ ಸುಳ್ಳು ಹೇಳಲಾರೆ. ನಮ್ಮ ಮನೆಯಲ್ಲೂ ಯಾರೂ ಬೈಯುತ್ತಿರಲಿಲ್ಲ. ಅದು ನನಗೆ ಆಗಲೂ ಗೊತ್ತಿತ್ತು.