ಅತ್ತೆಯ ಕುಂಕುಮ

ಜಪಾನಿನ ಇಚಿಕಾವಾ ಊರಿನ ನಮ್ಮ ಅಪಾರ್ಟ್‌ಮೆಂಟಿನ ಗೋಡೆಗಳು ಎಷ್ಟು ತೆಳುವೆಂದರೆ, ಮನೆಯೊಳಗೆ ಜೋರಾಗಿ ಸಿಟ್ಟು ಮಾಡಿಕೊಳ್ಳುವಂತೆಯೂ ಇಲ್ಲ. ಕೊರೊನಾ ಕಾಲದಲ್ಲಿ ಗಂಡ ಊಟದ ಮೇಜಿನ ಮೇಲೇ ಆಫೀಸು ಹೂಡಿದ್ದರು. ಮೈಸೂರಿನಲ್ಲಿದ್ದ ಅಪ್ಪನ ಜೊತೆ ಜಗಳವಾಡಬೇಕೆಂದರೆ ನಾನು ಮಾಸ್ಕ್ ಹಾಕಿಕೊಂಡು, ಫೋನ್ ಹಿಡಿದು, ಕೆಳಗಿನ ಕೊಂಬಿನಿ ಎಂಬ ಚಿಲ್ಲರೆ ಅಂಗಡಿಯ ಪಕ್ಕಕ್ಕೆ ಹೋಗುತ್ತಿದ್ದೆ. ಆ ವರ್ಷ ಜಗಳವೆಲ್ಲ ಅತ್ತೆಯ ಬಗ್ಗೆಯೇ.

ಅತ್ತೆ ಎಂದರೆ ಅಪ್ಪನ ತಂಗಿ. ಮದುವೆಯಾಗಿ ಲಂಡನ್ನಿಗೆ ಹೋದವರು ಅಲ್ಲಿನ ಟಿವಿ ಧಾರಾವಾಹಿಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದರು. ಒಮ್ಮೆ ನರ್ಸು, ಒಮ್ಮೆ ಅಂಗಡಿಯವಳು. ಎರಡು ಮಾತು ಸಿಕ್ಕರೆ ಅದೇ ಹಬ್ಬ. ಒಂದು ಕಂತಿನಲ್ಲಿ ಗಂಡ ಸತ್ತ ಹೆಂಗಸಿನ ಪಾತ್ರ ಸಿಕ್ಕಿತು. ಇವಳು ಟಿವಿಯಲ್ಲಿ ಕುಂಕುಮ ಅಳಿಸಿಕೊಂಡಳೆಂದು ಅಲ್ಲಿನ ನೆಂಟರೊಬ್ಬರು ಊರಿಗೆ ಸುದ್ದಿ ಮುಟ್ಟಿಸಿದರು. ಅದೇ ವರ್ಷ ಮಾವ ಹೃದಯಾಘಾತದಿಂದ ತೀರಿಕೊಂಡರು. ಮುಗಿಯಿತು ಕಥೆ. ಬಣ್ಣದ ಹುಚ್ಚಿಗೆ ಗಂಡನನ್ನೇ ತಿಂದುಕೊಂಡಳು ಎಂದರು. ನನ್ನ ಮದುವೆಗೂ ಕರೆಯಲಿಲ್ಲ. ಬೇಡ ಎಂದವರಲ್ಲಿ ಅಪ್ಪನೇ ಮೊದಲು.

ಅತ್ತೆಯ ಜೊತೆ ಫೋನಿನಲ್ಲಿ ಮಾತಾಡುತ್ತಿದ್ದವಳು ನಾನೊಬ್ಬಳೇ. ಆ ಪಾತ್ರದ ಸುದ್ದಿ ಎತ್ತಿದರೆ ಅವರು ಬೇರೆ ಮಾತು ತೆಗೆಯುತ್ತಿದ್ದರು. ಲಂಡನ್ನಿನ ವೃದ್ಧಾಶ್ರಮದಲ್ಲಿ ಅವರಿಗೆ ಕೊರೊನಾ ಬಂತೆಂದು ತಿಳಿದ ವಾರ ನಾನು ಹುಡುಕಾಡಿದೆ. ಯಾರೋ ಪುಣ್ಯಾತ್ಮರು ಆ ಹಳೆಯ ಕಂತನ್ನು ಇಂಟರ್‌ನೆಟ್ಟಿಗೆ ಹಾಕಿದ್ದರು.

ಮಗಳನ್ನೂ ಕೂರಿಸಿಕೊಂಡು ನೋಡಿದೆ. ಸೀರೆ ಉಟ್ಟ ಇನ್ನೊಬ್ಬ ನಟಿ ಅತ್ತೆಯ ಹಣೆಗೆ ಕೈ ಹಾಕುತ್ತಾಳೆ. ಅತ್ತೆ ಎರಡೂ ಕೈಯಿಂದ ಹಣೆ ಮುಚ್ಚಿಕೊಂಡು ಗೋಳೋ ಎನ್ನುತ್ತಾರೆ. ಭಾರತದ ಭಾಷೆಯಲ್ಲಿ ರೋದನ ಎಂದು ತೆರೆಯ ಕೆಳಗೆ ಇಂಗ್ಲಿಷ್ ಅಕ್ಷರಗಳಲ್ಲಿ ಬರುತ್ತದೆ. ನನ್ನ ಮಗಳು ಕನ್ನಡಕ್ಕೆ ಇಂಗ್ಲಿಷಿನಲ್ಲೇ ಉತ್ತರ ಕೊಡುವವಳು, ಆದರೆ ಕಿವಿ ಬಲು ಚುರುಕು.

"ಅಮ್ಮ, ಅಜ್ಜಿ ಈಸ್ ನಾಟ್ ಕ್ರೈಯಿಂಗ್. ಬೈತಿದಾರೆ."

ಮತ್ತೆ ಹಾಕಿ ಕೇಳಿದೆ. ಅಳುವ ದನಿಯೊಳಗೆ ಅಚ್ಚ ಮೈಸೂರು ಕನ್ನಡ: "ಅಳಿಸಲ್ಲ ಕಣ್ರೀ. ಏನ್ ಮಾಡ್ಕೊಳ್ತೀರೋ ಮಾಡ್ಕೊಳ್ಳಿ."

ದೃಶ್ಯ ಮುಗಿಯುವವರೆಗೂ ಕುಂಕುಮ ಹಣೆಯ ಮೇಲೇ ಇತ್ತು. ನನಗೆ ಮೈಯೆಲ್ಲ ಉರಿದುಹೋಯಿತು. ಮಾಡದ ಕೆಲಸಕ್ಕೆ ಇಷ್ಟು ವರ್ಷ ಒಂದು ಜೀವವನ್ನು ಹೊರಗಿಟ್ಟಿದ್ದರು. ಅಳಿಸಿಕೊಂಡಿದ್ದರೂ ತಾನೇ ಏನಂತೆ, ಅದು ನಾಟಕ.

ಕೊಂಬಿನಿ ಪಕ್ಕ ನಿಂತು ಅಪ್ಪನಿಗೆ ಎಲ್ಲ ಹೇಳಿದೆ. ಅತ್ತೆಗೆ ಇನ್ನೂ ಪ್ರಜ್ಞೆಯಿದೆ, ನರ್ಸು ಕಿವಿಯ ಹತ್ತಿರ ಫೋನ್ ಹಿಡಿಯುತ್ತಾರೆ, ಒಂದೇ ಒಂದು ಸಲ ಮಾತಾಡಿ ಎಂದು ಅಂಗಲಾಚಿದೆ.

"ಗೌರಿ ಹಬ್ಬ ಮುಗೀಲಿ ಕಣಮ್ಮ. ಒಳ್ಳೇ ದಿನ ಬೇಡ," ಎಂದರು.

ನಾನು ಕೂಗಾಡಿದ್ದಕ್ಕೆ ಅಂಗಡಿಯವರು ಹೊರಗೆ ಬಂದರು. ಅವರಿಗೆ ಸುಮಿಮಾಸೆನ್, ಕ್ಷಮಿಸಿ ಎಂದು ತಲೆಬಾಗಿ ಮನೆಗೆ ಹೋದೆ.

ಊರಿನಲ್ಲಿ ಗಣೇಶನನ್ನು ನೀರಿಗೆ ಬಿಡುವ ಮೊದಲೇ ಅತ್ತೆ ಹೋದರು. ಸಂಜೆ ಮನೆಯವರ ವಾಟ್ಸಾಪ್ ಗ್ರೂಪಿನಲ್ಲಿ ಅಪ್ಪ ಬರೆದರು: ನನ್ನ ತಂಗಿ, ಲಂಡನ್ನಿನ ಹೆಸರಾಂತ ಕಲಾವಿದೆ, ನಮ್ಮ ವಂಶದ ಹೆಮ್ಮೆ. ಕೆಳಗೆ ಸಾಲುಸಾಲು ಕೈಮುಗಿದ ಚಿತ್ರಗಳು. ಆಮೇಲೆ ನನಗೆ: ಆ ವಿಡಿಯೋ ಕಳಿಸಮ್ಮ, ಎಲ್ಲರೂ ನೋಡಲಿ.

ಯಾವ ಮುಖ ಇಟ್ಟುಕೊಂಡು ಕೇಳುತ್ತಾರೋ. ಗಂಡ ಮೀಟಿಂಗಿನಲ್ಲಿದ್ದರು, ಕೂಗುವಂತಿರಲಿಲ್ಲ. ಗ್ರೂಪಿನಲ್ಲೇ, ಎಲ್ಲರಿಗೂ ಕಾಣುವಂತೆ ಬರೆದೆ:

"ಕಳಿಸಲ್ಲ. ಏನ್ ಮಾಡ್ಕೊಳ್ತೀರೋ ಮಾಡ್ಕೊಳ್ಳಿ."