ಟಗರು ಮೈ ಕೊಡವದ ವರ್ಷ

ಮೊಮ್ಮಗಳು ಕಾಶಿಯಿಂದ ತಂದ ಉಣ್ಣೆಯ ಶಾಲನ್ನು ಮೊನ್ನೆ ತೊಳೆದು ಹಗ್ಗದ ಮೇಲೆ ಹರವಿದೆ. ಬಿಸಿಲು ಬೀಳುತ್ತಲೇ ಒದ್ದೆ ಕುರಿಯ ವಾಸನೆ ಮೂಗಿಗೆ ಬಡಿಯಿತು. ಶಾಲನ್ನು ಅಲ್ಲೇ ಬಿಟ್ಟು ಒಳಗೆ ಬಂದು ಕೂತೆ. ವಯಸ್ಸಾಯಿತಲ್ಲ ಎಂದಳು ಮೊಮ್ಮಗಳು. ವಯಸ್ಸಿನ ತಲೆಗೆ ಏನನ್ನು ಬೇಕಾದರೂ ಕಟ್ಟಬಹುದು. ನನಗೆ ನೆನಪಾದದ್ದು ಪಕ್ಕದ ಮನೆಯ ಅಣ್ಣಯ್ಯ.

ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿ ಎರಡು ಮೂರು ವರ್ಷ ಆಗಿತ್ತು. ಕೊಕ್ಕರ್ಣೆಯಿಂದ ಗದ್ದೆಯಂಚು ಹಿಡಿದು ಒಳಗೆ ನಡೆದರೆ ನನ್ನ ಗಂಡನ ಊರು. ಅಲ್ಲಿ ಯಾವ ಕಾಲದ್ದೋ ಕಲ್ಲಿನ ಗುಡಿ, ಅಮ್ಮನವರದ್ದು. ಒಳಗೆ ಭಟ್ಟರ ಪೂಜೆ, ಹೂವು, ಹಣ್ಣುಕಾಯಿ. ಹೊರಗಿನ ಅಂಗಳದಲ್ಲಿ ವರ್ಷಕ್ಕೊಮ್ಮೆ ಮಾರಿಪೂಜೆ, ಹರಕೆಯ ಕೋಳಿ, ಕುರಿ. ಕಡಿಯುವ ಹೊತ್ತಿಗೆ ಗರ್ಭಗುಡಿಯ ಬಾಗಿಲು ಹಾಕುತ್ತಿದ್ದರು. ಅಮ್ಮನಿಗೆ ಕಾಣಬಾರದೆಂದು ಬಾಗಿಲು ಹಾಕಿ, ಅಮ್ಮನಿಗೇ ಎಂದು ಕಡಿಯುವ ಬುದ್ಧಿವಂತರು ನಾವು!

ಕಡಿಯುವ ಕೆಲಸ ಅಣ್ಣಯ್ಯನವರದ್ದು, ಅವರ ಅಪ್ಪನಿಂದ ಬಂದದ್ದು. ಮನೆಯ ಕೋಳಿಮರಿಯನ್ನು ಗಿಡುಗ ಎತ್ತಿಕೊಂಡು ಹೋದರೆ ಆ ದಿನ ಊಟ ಬಿಡುತ್ತಿದ್ದ ಮನುಷ್ಯ ಅವರು. ಕತ್ತಿಯನ್ನು ಕುರಿಗಳ ಕಣ್ಣಿಗೆ ಬೀಳದ ಹಾಗೆ ಗುಡಿಯ ಹಿಂದೆ ಹೋಗಿ ಮಸೆಯುತ್ತಿದ್ದರು. ಒಂದೇ ಏಟು, ಎರಡನೆಯದು ಇಲ್ಲ. ಅದಕ್ಕೂ ಮೊದಲು ಒಂದು ಕಟ್ಟಳೆಯಿತ್ತು. ಕುರಿಯ ಬೆನ್ನಿಗೆ ಅರಿಶಿನ ನೀರು ಚಿಮುಕಿಸಿ ಕಾಯಬೇಕು. ಅದು ಮೈ ಕೊಡವಿದರೆ ಅಮ್ಮ ಒಪ್ಪಿದಳು ಎಂದರ್ಥ. ಮೂರು ಸಲ ಚಿಮುಕಿಸಿದರೂ ಕೊಡವದಿದ್ದರೆ ಕಡಿಯುವಂತಿಲ್ಲ, ಹರಕೆ ಮುಂದಿನ ವರ್ಷಕ್ಕೆ.

ಆ ವರ್ಷದ ಟಗರು ನನ್ನ ಹರಕೆ. ಮೂರು ವರ್ಷದ ಮಗನಿಗೆ ಸಿಡುಬು ಎದ್ದಿತ್ತು. ಹಾಗೆಂದು ಬಾಯಿಬಿಟ್ಟು ಹೇಳುವಂತಿರಲಿಲ್ಲ, ಅಮ್ಮ ಬಂದಿದ್ದಾಳೆ ಎನ್ನಬೇಕು. ಪಕ್ಕದ ಕೇರಿಯಲ್ಲಿ ಆಗಲೇ ಎರಡು ಮಕ್ಕಳನ್ನು ಮಣ್ಣು ಮಾಡಿದ್ದರು. ಮಗ ಉಳಿದರೆ ಟಗರು ಕೊಡುತ್ತೇನೆ ಎಂದೆ. ಉಳಿದ, ಎದ್ದು ಓಡಾಡಿದ. ಆದರೆ ಕೊಟ್ಟ ಮಾತು ತೀರುವ ತನಕ ಅಮ್ಮ ಹೊಸ್ತಿಲಲ್ಲೇ ಕೂತಿರುತ್ತಾಳೆ, ಮತ್ತೆ ಬಂದರೆ ಬಿಟ್ಟು ಹೋಗುವವಳಲ್ಲ ಎಂದು ಅತ್ತೆ ದಿನಾ ಹೇಳುತ್ತಿದ್ದರು. ನನಗೆ ಅನ್ನ ಸೇರುತ್ತಿರಲಿಲ್ಲ.

ಘಟ್ಟದ ಮೇಲಿನಿಂದ ಟಗರು ತರಿಸಿದೆವು. ಉರಿಬಿಸಿಲಿನ ಮಧ್ಯಾಹ್ನ, ಡೋಲಿನ ಸದ್ದಿಗೆ ಎದೆ ನಡುಗುತ್ತಿತ್ತು. ಆಗಲೇ ಕಡಿದ ಕೋಳಿಗಳ ನೆತ್ತರು ಮಣ್ಣಿನಲ್ಲಿ ಅಂಟು ಅಂಟಾಗಿ ಕಾಲಿಗೆ ಹತ್ತುತ್ತಿತ್ತು. ಅಣ್ಣಯ್ಯ ಟಗರಿನ ಬೆನ್ನಿಗೆ ನೀರು ಚಿಮುಕಿಸಿದರು. ಅದು ಅಲ್ಲಾಡಲಿಲ್ಲ. ಎರಡನೆಯ ಸಲ... ಇಲ್ಲ. ಮೂರನೆಯ ಸಲವೂ ಇಲ್ಲ.

ಮಗ ನನ್ನ ಸೊಂಟದ ಮೇಲಿದ್ದ. ಎದುರಿಗೇ ನೀರಿನ ಚೊಂಬು. ಏನು ಯೋಚಿಸಿದೆನೋ... ಬಗ್ಗಿ ಚೊಂಬೆತ್ತಿ ಟಗರಿನ ಕಿವಿಯೊಳಗೆ ಹೊಯ್ದುಬಿಟ್ಟೆ. ಕಿವಿಗೆ ನೀರು ಬಿದ್ದರೆ ಯಾವ ಪ್ರಾಣಿ ಸುಮ್ಮನಿದ್ದೀತು? ಕೊಡವಿತು. ಹಿಂದೆ ನಿಂತ ಜನ ಹೋ ಎಂದು ಕೂಗಿದರು.

ಅಣ್ಣಯ್ಯ ಮಾತ್ರ ಕತ್ತಿ ಕೆಳಗಿಳಿಸಿದರು. "ನಾ ಕಡಿತಿಲ್ಲೆ ತಂಗೀ. ನೀ ಕೆಮಿಗೆ ನೀರ್ ಹೊಯ್ದದ್ದ್ ನಾ ಕಂಡೆ. ಅಮ್ಮ ಒಪ್ಲಿಲ್ಲೆ."

ನನ್ನ ಗಂಡನ ಅಣ್ಣ, ಊರಿಗೆ ದೊಡ್ಡ ಕುಳ, ಮುಂದೆ ನುಗ್ಗಿ ಬಂದರು. "ನಿಂಗೆ ಕಡುಕೆ ಹೇಳಿದ್ದ್, ಪಂಚಾತಿಕೆ ಮಾಡುಕಲ್ಲ!"

ಅಣ್ಣಯ್ಯ ತಲೆ ಅಲ್ಲಾಡಿಸಿದರು. ನನಗೆ ಕಂಡದ್ದು ಹೊಸ್ತಿಲಲ್ಲಿ ಕೂತ ಅಮ್ಮ, ಮಣ್ಣು ಮಾಡಲು ಚಾಪೆಯಲ್ಲಿ ಸುತ್ತಿದ ನನ್ನ ಮಗು. ಹೊಡೆಯಲು ಭಾವನಿಗೆ ನಾನೇ ಹುಚ್ಚಿಯ ಹಾಗೆ ಕೂಗಿ ಹೇಳಿದೆ. "ಹೊಡೀನಿ ಭಾವ, ಹೊಡೀನಿ ಅವ್ರಿಗೆ!"

ಭಾವ ಕತ್ತಿ ಕಿತ್ತುಕೊಂಡು ಅದರ ಬೆನ್ನಿನಿಂದ ಅಣ್ಣಯ್ಯನವರ ಬಲ ಮಣಿಕಟ್ಟಿಗೆ ಬಾರಿಸಿದರು. ಡೋಲಿನ ನಡುವೆಯೂ ಮೂಳೆ ಮುರಿದ ಸದ್ದು ಕೇಳಿಸಿತು. ಬಿದ್ದವರ ಮೇಲೆ ಮತ್ತೆ ನಾಲ್ಕಾರು ಜನ ಬಿದ್ದರು. ಬೆನ್ನಿಗೆ, ಮುಖಕ್ಕೆ, ಹೊಟ್ಟೆಗೆ ಒದೆ. ಅವರು ಕೈ ಎತ್ತಲಿಲ್ಲ, ಎತ್ತಲು ಕೈಯೂ ಇರಲಿಲ್ಲ. ಭಾವನೇ ಟಗರನ್ನು ಕಡಿದರು. ಮೊದಲ ಏಟು ಭುಜಕ್ಕೆ ಬಿತ್ತು. ಅರ್ಧ ಕಡಿದ ಕುತ್ತಿಗೆಯಲ್ಲಿ ಅದು ಹಗ್ಗ ಎಳೆದುಕೊಂಡು ನನ್ನ ಕಡೆಗೇ ಬಂತು. ಐದನೆಯ ಏಟಿಗೆ ಬಿತ್ತು. ಮಗನ ಮುಖದ ಮೇಲೆಲ್ಲ ನೆತ್ತರು. ಅಮ್ಮ ಮುಟ್ಟಿ ಹರಸಿದಳು ಎಂದರು ಯಾರೋ. ನಾನು ಕೈಮುಗಿದೆ. ಅದನ್ನು ನೆನೆದರೆ ಈಗಲೂ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತದೆ.

ಅಣ್ಣಯ್ಯ ಯಾರ ಮೇಲೂ ದೂರು ಕೊಡಲಿಲ್ಲ. ಹುಲ್ಲು ಒಟ್ಟಿದ ಕುತ್ರಿಯಿಂದ ಬಿದ್ದೆ ಎಂದು ಮೂಳೆ ಕಟ್ಟುವವನಿಗೆ ಹೇಳಿದರಂತೆ. ಕೈ ಸೊಟ್ಟವಾಗಿಯೇ ಕೂಡಿತು. ನೇಗಿಲು ಹಿಡಿಯಲು ಆಗಲಿಲ್ಲ. ಅವರ ಹೆಂಡತಿ ಕಂಡವರ ಗದ್ದೆಯಲ್ಲಿ ನಟ್ಟಿ ಮಾಡಿ ಸಂಸಾರ ಎಳೆದರು. ಬೇಲಿಯ ಹತ್ತಿರ ಎದುರಾದರೆ ಅಣ್ಣಯ್ಯ ನನ್ನ ಮಗನ ವಿಚಾರ ಒಂದನ್ನೇ ಕೇಳುತ್ತಿದ್ದರು. "ಮಾಣಿ ಹ್ಯಾಂಗಿದ್ದ ತಂಗೀ?" ಲಾಯ್ಕಿದ್ದ ಎನ್ನುತ್ತಿದ್ದೆ. ಹರಿತ ಬಾಯಿಯವಳು ಎಂದು ಊರೆಲ್ಲ ಹೆಸರು ಮಾಡಿದ ನನಗೆ ತಪ್ಪಾಯಿತು ಎಂಬ ಮುಂದಿನ ಒಂದು ಮಾತು ಹನ್ನೆರಡು ವರ್ಷ ಬಾಯಿಗೆ ಬರಲಿಲ್ಲ.

ಎಪ್ಪತ್ತನೆಯ ಇಸವಿಯ ಆಚೀಚೆ ಅವರು ಹಾಸಿಗೆ ಹಿಡಿದರು. ಇನ್ನು ಉಳಿಯುವುದಿಲ್ಲ ಎನ್ನುವ ದಿನ ಕೇರಿಯವರೆಲ್ಲ ಹೋಗಿ ಒಬ್ಬೊಬ್ಬರಾಗಿ ಬಾಯಿಗೆ ತುಳಸಿ ನೀರು ಬಿಟ್ಟರು. ಈಗಲಾದರೂ ಹೇಳೋಣ ಎಂದುಕೊಂಡು ನಾನೂ ಪಕ್ಕದಲ್ಲಿ ಕೂತು ಚಮಚ ತೆಗೆದುಕೊಂಡೆ. ಅಷ್ಟು ವರ್ಷ ನನ್ನೊಡನೆ ಒಂದು ಕೆಟ್ಟ ಮಾತು ಆಡದ ಅವರ ಹೆಂಡತಿ ನನ್ನ ಕೈ ಹಿಡಿದು ನಿಲ್ಲಿಸಿದರು.

"ನಿಮ್ಮ ಕೈಯಿಂದ ನೀರ್ ಬ್ಯಾಡ."

ಚಮಚ ಕೆಳಗಿಟ್ಟು ಎದ್ದು ಬಂದೆ. ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ.

ಈಗ ಗುಡಿಯ ಅಂಗಳದಲ್ಲಿ ಕುರಿಯ ಬದಲು ಬೂದುಗುಂಬಳ ಕಡಿಯುತ್ತಾರೆ. ಮಗ, ಅವನೂ ಈಗ ಅಜ್ಜ, ತಪ್ಪದೆ ಹೋಗುತ್ತಾನೆ. ಒಂದು ಟಗರಿನಿಂದ ತಾನು ಉಳಿದೆ ಎಂದು ಮೊಮ್ಮಕ್ಕಳಿಗೆ ಹೇಳುತ್ತಾನೆ. ನಾನು ಅವನಿಗೆ ನಿಜ ಹೇಳಿಲ್ಲ. ಅಣ್ಣಯ್ಯ ಹೋದ ಮೇಲೆ ಅವರಂಥವರನ್ನು ನಾನು ಕಾಣಲಿಲ್ಲ, ಕ್ಷಮೆ ಕೇಳಲು ಇನ್ನು ಯಾರೂ ಉಳಿದಿಲ್ಲ. ಆದರೂ ಇದೊಂದನ್ನು ಮುಚ್ಚಿಡಲಾರೆ... ಆ ಮಗು ಮತ್ತೆ ಸೊಂಟದ ಮೇಲಿದ್ದರೆ, ನಾನು ಮತ್ತೆ ಹಾಗೆಯೇ ಕೂಗುತ್ತಿದ್ದೆನೇನೋ.