ಒಂದು ಬೀಡಿ, ಎರಡು ಲೋಟ

ಡಾಕ್ಟರ ಮುಂದೆ ನೀವು ಯಾವತ್ತಾದರೂ ಸುಳ್ಳು ಹೇಳಿದ್ದೀರಾ? ನಿಜ ಹೇಳಿ, ಇಲ್ಲಿ ನಿಮ್ಮ ಸೊಸೆ ಇಲ್ಲ.

ನಾನು ಹೇಳಿದ್ದೇನೆ. ನನ್ನ ಸೊಸೆ ಪಕ್ಕದಲ್ಲೇ ನಿಂತಿದ್ದಳು, ಅದಕ್ಕೇ ಹೇಳಿದೆ.

ಶುರುವಾದದ್ದು ಕೆಮ್ಮಿನಿಂದ. ಕಣದಲ್ಲಿ ಕಾಫಿ ಒಣಗುತ್ತಿದ್ದ ಕಾಲ. ಧೂಳಿಗೆ ಅಂದುಕೊಂಡೆ. ಶುಂಠಿ ಆಯಿತು, ಮೆಣಸು ಆಯಿತು, ಬೆಲ್ಲವಂತೂ ಕೆಮ್ಮಿಲ್ಲದಾಗಲೂ ತಿಂದೆ. ಮೂರು ವಾರವಾದರೂ ನಿಲ್ಲಲಿಲ್ಲ. ಸಂಜೆಯಾದರೆ ಮೈ ಬೆಚ್ಚಗಾಗುತ್ತಿತ್ತು. ರವಿಕೆಯ ತೋಳಿನಲ್ಲಿ ಇನ್ನೊಂದು ತೋಳು ಹಿಡಿಸುವಷ್ಟು ಜಾಗವಾಯಿತು. ಅದನ್ನು ಮೊದಲು ನೋಡಿದವಳು ಸೊಸೆ ಸವಿತ. ಮಾರನೆಯ ದಿನವೇ ಮಗ ರಮೇಶ ನಮ್ಮಿಬ್ಬರನ್ನೂ ಜೀಪಿಗೆ ಹತ್ತಿಸಿ, ಮಗ್ಗೆ ಊರು ದಾಟಿ, ಆಲೂರಿನ ಆಸ್ಪತ್ರೆಗೆ ಕರೆದೊಯ್ದ.

ಎಕ್ಸ್‌ರೇ ಆಯಿತು. ಡಬ್ಬಿಯಲ್ಲಿ ಕಫ ಕೊಟ್ಟದ್ದೂ ಆಯಿತು. ಡಾಕ್ಟರು ಮೊಮ್ಮಗಳ ವಯಸ್ಸಿನವಳು.

"ಅಜ್ಜೀ, ಬೀಡಿ, ಹೊಗೆಸೊಪ್ಪು ಏನಾದ್ರೂ ಅಭ್ಯಾಸ ಇದ್ಯಾ?"

"ಶಿವ ಶಿವಾ!" ಅಂದೆ.

ರಮೇಶ ನಕ್ಕುಬಿಟ್ಟ. "ನಮ್ಮವ್ವನಾ ಡಾಕ್ಟ್ರೇ? ಯಾರಾದ್ರೂ ಬೀಡಿ ಹಚ್ಚಿದ್ರೆ ಮೂಗು ಮುಚ್ಕೊಂಡು ಒಳಕ್ಕೋಯ್ತಾರೆ."

ಎರಡು ದಿನಕ್ಕೆ ರಿಪೋರ್ಟ್ ಬಂತು.

ಟಿಬಿ.

ಆರು ತಿಂಗಳು ಮಾತ್ರೆ, ಒಂದು ದಿನವೂ ತಪ್ಪಿಸುವ ಹಾಗಿಲ್ಲ. ಮಾತ್ರೆ ನುಂಗಿದ ಮೊದಲ ದಿನ ಮೂತ್ರ ಕೆಂಪಗೆ ಬಂದದ್ದು ನೋಡಿ, ಮುಗಿಯಿತು ನನ್ನ ಕಥೆ ಅಂತ ಗೋಡೆ ಹಿಡಿದು ನಿಂತೆ. ಮಾತ್ರೆಯ ಬಣ್ಣವಂತೆ. ಮುಂಚೆಯೇ ಹೇಳಬಾರದಾ?

ನನ್ನನ್ನು ಕಣದ ಕಡೆ ಕಿಟಕಿ ಇರುವ ಕೋಣೆಗೆ ಹಾಕಿದರು. ಸವಿತ ಬಾಗಿಲ ಹೊರಗೆ ನಿಂತು ಫೋನಿನಲ್ಲಿ ಅಕ್ಷರ ಒತ್ತುವುದನ್ನು ಕಲಿಸಿದಳು. ನಾನು ಮೊದಲು ಒತ್ತಿ ಕಳಿಸಿದ್ದು 'ಉಪ್ಪು ಕಮ್ಮಿ' ಅಂತ. ತಟ್ಟೆ ಲೋಟದಿಂದ ಅಂಟುವುದಿಲ್ಲ, ಗಾಳಿಯಿಂದ ಅಂಟುವುದು ಅಂತ ಡಾಕ್ಟರು ಹೇಳಿದ್ದರೂ ಅವಳಿಗೆ ಹೆದರಿಕೆ. ನನಗೊಂದು ಬೇರೆ ಲೋಟ ಇಟ್ಟಳು. ತೊಳೆದು ಬಚ್ಚಲ ಗೋಡೆಯ ಗೂಡಿನಲ್ಲಿ ಬೋರಲು ಹಾಕುತ್ತಿದ್ದಳು. ಆ ಗೂಡಿನಲ್ಲಿ ಮೊದಲೇ ಒಂದು ಲೋಟ ಇತ್ತು. ಚನ್ನಿಯದು. ನಾನು ಈ ಮನೆಗೆ ಸೊಸೆಯಾಗಿ ಬಂದ ಹೊಸತರಲ್ಲಿ ನಾನೇ ಇಟ್ಟದ್ದು.

ಚನ್ನಿ ಕಾಲೋನಿಯವಳು. ನಲವತ್ತು ವರ್ಷದಿಂದ ನಮ್ಮ ತೋಟಕ್ಕೆ ಬರುತ್ತಾಳೆ. ಜಗಲಿ ಹತ್ತುವುದಿಲ್ಲ. ಕಾಫಿ ಮೂಟೆ ಇಡುವ ಸ್ಟೋರಿಗಂತೂ ಅವಳ ಜನ ಕಾಲಿಡುವ ಹಾಗೇ ಇಲ್ಲ, ಅದರ ಗೋಡೆಯಾಚೆಗೆ ದೇವರ ಕೋಣೆ. ನನ್ನ ಅತ್ತೆ ಮಾಡಿದ ಕಟ್ಟಳೆ.

ಈಗ ಸುಳ್ಳಿನ ವಿಷಯಕ್ಕೆ ಬರುತ್ತೇನೆ. ನನ್ನ ಗಂಡ ತೀರಿಕೊಂಡ ವರ್ಷ ಒಂದು ಮಧ್ಯಾಹ್ನ ದವಡೆ ಹಲ್ಲು ನೋಯುತ್ತಿತ್ತು. ಸ್ಟೋರಿನಲ್ಲಿ ಒಬ್ಬಳೇ ಕೂತು ಬೀಜ ಆರಿಸುತ್ತಾ ಅಳುತ್ತಿದ್ದೆ. ಹಲ್ಲಿಗೋ ಗಂಡನಿಗೋ ನನಗೂ ಗೊತ್ತಿರಲಿಲ್ಲ. ಹೊರಗಿದ್ದ ಚನ್ನಿ ಹೊಸಿಲು ದಾಟಿ ಒಳಗೆ ಬಂದೇಬಿಟ್ಟಳು. ಬಾಯಲ್ಲಿದ್ದ ಬೀಡಿ ತೆಗೆದು, "ಒಂದು ದಮ್ಮು ಎಳೀರಿ ಅಮ್ಮಾರೇ, ನೋವು ಕೂತ್ಕತದೆ" ಅಂದಳು. ಎಳೆದೆ. ನೋವು ಹೋಗಲಿಲ್ಲ, ಅಳು ನಿಂತಿತು.

ಅಂದಿನಿಂದ ಊಟವಾಗಿ ಮನೆಯವರು ಅಡ್ಡಾದ ಮೇಲೆ ಅವಳನ್ನು ಒಳಗೆ ಕರೆದು ಬಾಗಿಲು ಹಾಕಿಕೊಳ್ಳುತ್ತಿದ್ದೆ. ಯಾರಾದರೂ ಕೇಳಿದರೆ, ಥಂಡಿ ಗಾಳಿಗೆ ಬೀಜ ಮೆತ್ತಗಾಗುತ್ತದೆ ಅನ್ನುತ್ತಿದ್ದೆ. ಒಂದೇ ಬೀಡಿ, ಅವಳೆರಡು ದಮ್ಮು, ನಾನೆರಡು ದಮ್ಮು. ಆಮೇಲೆ ನಾನು ಬಾಯಿಗೆ ಏಲಕ್ಕಿ ಹಾಕಿಕೊಂಡು ಮನೆಯೊಡತಿಯಾಗುತ್ತಿದ್ದೆ. ಅವಳು ಹೊರಗೆ ಹೋಗಿ ಗೂಡಿನ ಲೋಟ ತೆಗೆದುಕೊಳ್ಳುತ್ತಿದ್ದಳು. ಒಳಗೆ ಒಂದು ಬೀಡಿ, ಹೊರಗೆ ಎರಡು ಲೋಟ. ಇದರಲ್ಲಿ ತಪ್ಪೇನಿದೆ ಅಂತ ನನಗೆ ಇಷ್ಟು ವರ್ಷ ಅನ್ನಿಸಲೇ ಇಲ್ಲ.

ಆಶಾ ಕಾರ್ಯಕರ್ತೆ ಶೋಭ ಪುಸ್ತಕ ಹಿಡಿದು ಬಂದಳು. "ಅಜ್ಜೀ, ಮುಚ್ಚಿದ ರೂಮಲ್ಲಿ ನಿಮ್ ಜೊತೆ ಜಾಸ್ತಿ ಹೊತ್ತು ಇದ್ದೋರ ಹೆಸ್ರು ಹೇಳಿ. ಅವ್ರನ್ನೂ ಟೆಸ್ಟ್ ಮಾಡ್ಬೇಕು."

"ಮಗ. ಸೊಸೆ."

"ಇನ್ಯಾರು?"

ಸವಿತ ಬಾಗಿಲಲ್ಲಿದ್ದಳು.

"ಅಷ್ಟೇಯ," ಅಂದೆ.

ಶೋಭ ಪುಸ್ತಕ ಮುಚ್ಚಿದಳು. ಅವಳು ಗೇಟು ದಾಟುವುದಕ್ಕೆ ಮುಂಚೆಯೇ ಕಣದಿಂದ ಕೆಮ್ಮು ಕೇಳಿಸಿತು.

ನನ್ನದಲ್ಲ. ಚನ್ನಿಯದು.

ಆಮೇಲೆ ನನಗೆ ಅದೇ ಕೆಲಸವಾಯಿತು, ಕಿಟಕಿಯಲ್ಲಿ ಕೂತು ಅವಳ ಕೆಮ್ಮು ಕೇಳುವುದು. ಒಣ ಕೆಮ್ಮಾ, ಕಫದ್ದಾ? ನಿನ್ನೆಗಿಂತ ಜಾಸ್ತಿಯಾ? ಅವಳ ಮೊಮ್ಮಗಳು ಭೂಮಿ, ಮೂರು ವರ್ಷದ ಕೂಸು, ಅಜ್ಜಿಯ ಸೆರಗು ಬಿಡದೆ ಕಾಫಿ ರಾಶಿಯ ಸುತ್ತ ಓಡುತ್ತಿತ್ತು. ಆ ಕೂಸು ಮಲಗುವುದೂ ಅಜ್ಜಿಯ ಪಕ್ಕದಲ್ಲೇ. ಐದು ವರ್ಷದೊಳಗಿನ ಮಕ್ಕಳಿಗೆ ಇದು ಬೇಗ ಅಂಟುತ್ತದೆ ಅಂತ ಶೋಭ ಹೇಳಿ ಹೋಗಿದ್ದಳು. ತಟ್ಟೆಯ ಅನ್ನ ಅರ್ಧಕ್ಕೇ ಬಿಡುತ್ತಿದ್ದೆ. ಮಾತ್ರೆಗೆ ಅಂತ ಸವಿತ ಅಂದುಕೊಂಡಳು.

ಒಂದು ದಿನ ಯಾರೂ ಇಲ್ಲದಾಗ ಕಿಟಕಿಗೆ ಕರೆದೆ. "ಚನ್ನೀ, ಆಸ್ಪತ್ರೆಗೆ ಹೋಗೇ."

"ಧೂಳು ಕಣ್ ಬುಡಿ ಅಮ್ಮಾರೇ."

"ನಂದೂ ಧೂಳು ಅಂತಾನೇ ಶುರುವಾಗಿದ್ದು."

ಅವಳು ಮಂಕರಿ ಬುಟ್ಟಿ ಕೆಳಗಿಟ್ಟಳು. "ಹೋದ್ರೆ ಎಲ್ಲಿಂದ ಅಂಟ್ತು ಅಂತ ಕೇಳಾಕಿಲ್ವಾ? ಏನಂತ ಹೇಳ್ಲಿ? ಸ್ಟೋರಿನ ಇಸ್ಯ ನನ್ ಬಾಯಿಂದ ಬ್ಯಾಡ. ನಿಮ್ ಮರ್ವಾದೆ ನಿಮ್ ತಾವೇ ಇರ್ಲಿ."

ನನ್ನ ಮರ್ಯಾದೆ ಉಳಿಸಲು ಅವಳು ಕೆಮ್ಮುತ್ತಾ ನಿಂತಿದ್ದಳು. ಅವಳ ಸೆರಗಿನಲ್ಲಿ ಕೂಸು.

ಹೊಸಕೋಟೆ ಕೆಂಚಮ್ಮನಿಗೆ ಕೈ ಮುಗಿದು, ಇವಳ ಕೆಮ್ಮು ತಾನಾಗಿ ನಿಲ್ಲಲಿ ಅಂತ ಕೇಳಿಕೊಂಡೆ. ಎಂಥಾ ಜಾಣೆ ನೋಡಿ, ನಾನು ಹೇಳಬೇಕಾದ್ದನ್ನು ದೇವರ ತಲೆಗೆ ಕಟ್ಟುವುದು.

ಶೋಭ ಮತ್ತೆ ಬಂದ ದಿನ ನನ್ನ ಮೈದುನ ಚಂದ್ರೇಗೌಡನೂ ಬಂದಿದ್ದ. ಊರಿನಲ್ಲಿ ಯಾರು ಎಲ್ಲಿ ಕೂರಬೇಕು ಅಂತ ಹೇಳುವವನು ಅವನೇ. ಮೂಗಿಗೆ ಟವಲ್ ಕಟ್ಟಿಕೊಂಡು ಅಂಗಳದಲ್ಲೇ ನಿಂತಿದ್ದ. ಅವನು ಹೋಗಲಿ, ಆಮೇಲೆ ಮೆಲ್ಲಗೆ ಹೇಳೋಣ ಅಂದುಕೊಂಡೆ. ಅವನು ಹೋಗಲಿಲ್ಲ. ಶೋಭ ಮಾತ್ರೆ ಎಣಿಸಿ ಹೊರಡಲು ಎದ್ದಳು.

"ಶೋಭಾ, ಒಂದು ಹೆಸ್ರು ಬುಟ್ಟುಬುಟ್ಟಿದ್ದೆ. ಬರ್ಕೊಳವ್ವ. ಚನ್ನಮ್ಮ. ದಿನಾ ಮಧ್ಯಾಹ್ನ ಸ್ಟೋರ್ ಒಳಗೆ, ಬಾಗ್ಲು ಹಾಕ್ಕೊಂಡು, ನಾನೇ ಕರೀತಿದ್ದೆ. ಒಂದೇ ಬೀಡಿ ಇಬ್ರೂ ಸೇದ್ತಿದ್ವಿ."

ಶೋಭ ಪುಸ್ತಕ ಬಿಚ್ಚಿ ಹೆಸರು ಬರೆದುಕೊಂಡಳು.

"ದೇವ್ರ ಕೋಣೆ ಪಕ್ಕದಲ್ಲಾ ಅತ್ಗೆ?" ಮೈದುನನ ಟವಲ್ ಕೆಳಗೆ ಜಾರಿತ್ತು.

"ದೇವ್ರಿಗೆ ಹೊಗೆ ಅಭ್ಯಾಸ ಐತೆ ಬುಡಪ್ಪ. ದಿನಾ ಊದಿನಕಡ್ಡಿ ಹಚ್ತೀವಲ್ಲ."

ಬಾಯಿ ಹಾಗಂದಿತು. ಎದೆ ಮಾತ್ರ ಮಳೆಗೆ ಸಿಕ್ಕಿದ ಕೋಳಿಮರಿಯ ಹಾಗೆ ಆಗಿತ್ತು. ಮೈದುನ ಚಪ್ಪಲಿ ಮೆಟ್ಟಿ ಹೋದ, ಆಮೇಲೆ ನಮ್ಮ ಮನೆಯ ಕಾಫಿ ಕುಡಿದಿಲ್ಲ. ರಮೇಶ ನನ್ನ ಮುಖ ನೋಡದೆ ತೋಟಕ್ಕೆ ನಡೆದ. ಸವಿತ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದಳು.

"ಏಲಕ್ಕಿ ಡಬ್ಬಿ ಯಾಕೆ ಅಷ್ಟು ಬೇಗ ಖಾಲಿ ಆಯ್ತಿತ್ತು ಅಂತ ಈಗ ಗೊತ್ತಾಯ್ತು ಅತ್ತೆ," ಅಂದಳು. ಅಷ್ಟು ಹೇಳಿ, ಜೀಪಿನ ಕೀ ತೆಗೆದುಕೊಂಡು, ಚನ್ನಿಯನ್ನೂ ಭೂಮಿಯನ್ನೂ ಕೂರಿಸಿಕೊಂಡು ತಾನೇ ಆಲೂರಿಗೆ ಓಡಿಸಿದಳು.

ಚನ್ನಿಗೂ ಬಂದಿತ್ತು. ಇನ್ನೂ ಶುರು, ಬೇಗ ಸಿಕ್ಕಿತು ಅಂದರು. ಕೂಸಿನ ಎದೆಯಲ್ಲಿ ಏನೂ ಇಲ್ಲ. ಮುಂದೆ ಬಾರದ ಹಾಗೆ ಅದಕ್ಕೂ ಮಾತ್ರೆ ಕೊಟ್ಟಿದ್ದಾರೆ. ನಾನು ಹತ್ತು ದಿನ ಬಾಯಿ ಮುಚ್ಚಿಕೊಂಡಿದ್ದೆ. ಇನ್ನೂ ಹತ್ತು ದಿನ ಮುಚ್ಚಿದ್ದರೆ? ಆ ಲೆಕ್ಕ ಹಾಕಲು ಇವತ್ತಿಗೂ ಧೈರ್ಯವಿಲ್ಲ.

ಈಗ ನನಗೆ ನಾಲ್ಕನೇ ತಿಂಗಳು. ರವಿಕೆ ಸ್ವಲ್ಪ ಬಿಗಿಯಾಗಿದೆ. ಬೀಡಿ ಬಿಟ್ಟಿದ್ದೇವೆ. ರಮೇಶ ಮಾತಾಡುತ್ತಾನೆ, ಎಷ್ಟು ಬೇಕೋ ಅಷ್ಟು. ಗೂಡು ಖಾಲಿಯಾಗಿದೆ, ಎರಡೂ ಲೋಟ ಒಳಗೆ ಬಂದಿವೆ. ಹಾಗಂತ ಎಲ್ಲಾ ಸರಿಹೋಯಿತು ಅನ್ನಲಾರೆ. ಮೊನ್ನೆ ಚನ್ನಿಯನ್ನು ಜಗಲಿಗೆ ಕರೆದರೆ ಮೆಟ್ಟಿಲ ಮೇಲೇ ಕೂತಳು. ನಾನೇ ಇಳಿದು ಪಕ್ಕದಲ್ಲಿ ಕೂತೆ. ಮಂಡಿ ಲಟಲಟ ಅಂದಿತು.

ತುಂಬಾ ದಿನದಿಂದ ಎದೆಯಲ್ಲಿದ್ದದ್ದನ್ನು ಹೇಳಿದೆ. "ನಿಂಗೆ ಈ ಕಾಯಿಲೆ ಕೊಟ್ಟೋಳು ನಾನೇ ಕಣೇ ಚನ್ನಮ್ಮ."

ಅವಳು ಕಾಫಿ ಊದಿ ಒಂದು ಗುಟುಕು ಕುಡಿದಳು.

"ಇರ್ಲಿ ಬುಡಿ ಅಮ್ಮಾರೇ. ಇಷ್ಟು ವರ್ಸ ಬೀಡಿ ನಂದು, ಬೆಂಕಿಪಟ್ಣ ನಂದು. ನೀವೂ ಏನಾರ ತರಬ್ಯಾಡ್ವಾ?"